ರಿಟೇಲಮ್ಮ

ಫೆಬ್ರವರಿ 6

ಪ್ರೀತಿಯ ನಾದಿನಿ,

"ಇಲ್ಲಿ ನಾವೆಲ್ಲ ಕ್ಷೇಮ" ಎಂದು ಶುರು ಮಾಡಬೇಕು ಅಂತ ಶಾಲೆಯಲ್ಲಿ ಕಲಿಸಿದ್ದರು. ಸುಳ್ಳು ಬರೆಯುವುದಕ್ಕೆ ಒಳ್ಳೆಯ ಕಾಗದ ಯಾಕೆ ಹಾಳು ಮಾಡಲಿ? ವಿಷಯಕ್ಕೇ ಬರುತ್ತೇನೆ. ಈ ತಿಂಗಳ ಕಾರ್ಡಿನ ಸ್ಟೇಟ್‌ಮೆಂಟ್ ಬಂದಿದೆ. ದಾರದ ಅಂಗಡಿ, ಗುಂಡಿ-ಜಿಪ್ಪಿನ ಅಂಗಡಿ, ಔಷಧಿ ಅಂಗಡಿ, ಇವೆಲ್ಲ ನಮ್ಮವೇ. ಇವುಗಳ ನಡುವೆ ಒಬ್ಬ ಹೆಂಗಸು ಬಂದು ಕೂತಿದ್ದಾಳೆ. ಹೆಂಗಸಿನ ಹೆಸರು, ಅದರ ಬಾಲಕ್ಕೆ "ರಿಟೇಲ್". ಆ ಹೆಸರನ್ನು ಬರೆಯಲು ನನ್ನ ಕೈ ಒಪ್ಪುವುದಿಲ್ಲ. ಸ್ಟೇಟ್‌ಮೆಂಟಿನ ನಕಲನ್ನೇ ಒಳಗೆ ಇಟ್ಟಿದ್ದೇನೆ, ಕೆಂಪು ಪೆನ್ಸಿಲಿನ ಗೆರೆ ನೋಡು. ಹಣವೋ, ನನಗೊಂದು ಹೊಸ ಹೊಲಿಗೆ ಮಿಷನ್ ಬಂದು, ಅದಕ್ಕೊಂದು ಮೇಜೂ ಬರುತ್ತಿತ್ತು.

ನಾನಂತೂ ಅಂಥ ಅಂಗಡಿಯ ಮೆಟ್ಟಿಲು ಹತ್ತಿಲ್ಲ. ಇನ್ನೊಂದು ಕಾರ್ಡು ಇರುವುದು ನಿಮ್ಮಣ್ಣನ ಕೈಯಲ್ಲಿ. ನೀನು ಬೇರೆ ಬ್ಯಾಂಕಿನವಳಾದರೂ ದಿನವಿಡೀ ಇಂಥ ತಕರಾರುಗಳನ್ನೇ ನೋಡುವವಳು. ಇದು ಕಳ್ಳತನವೋ, ಮತ್ತೇನೋ, ಹೇಗೆ ಪತ್ತೆ ಮಾಡುವುದು ಹೇಳು.

ಫೋನ್ ಮಾಡಬಾರದಿತ್ತೇ ಅನ್ನಬೇಡ. ನೀನು ಕೆಲಸದಲ್ಲಿರುವಾಗ ನಿನ್ನ ಫೋನು ಲಾಕರಿನಲ್ಲಿ. ನೀನು ಕೋಣೆಗೆ ಬರುವ ಹೊತ್ತಿಗೆ ನಿಮ್ಮಣ್ಣ ಮನೆಯಲ್ಲಿ. ಎರಡು ಕೋಣೆಯ ಮನೆ, ಗೋಡೆಗಳೋ ಬಿಸ್ಕತ್ತಿನ ಹಾಗೆ. ನಾನು ಪಿಸುಗುಟ್ಟಿದರೂ ಆ ಮಹಾನುಭಾವರಿಗೆ ಕೇಳುತ್ತದೆ. ಕಾರ್ಖಾನೆಯಲ್ಲಿ ಸಾಲು ಸಾಲು ಮಿಷನ್ ಓಡುತ್ತಿದ್ದರೆ ಯಾವುದರ ಹಲ್ಲು ಸವೆದಿದೆ ಅಂತ ಬಾಗಿಲಲ್ಲಿ ನಿಂತೇ ಹೇಳುವ ಮೆಕ್ಯಾನಿಕ್ಕು ಅಲ್ಲವೇ! ನಾನು ಊರಿಗೆಲ್ಲ ಹೇಳುವುದು ಅದನ್ನೇ: ಮೂಗು ನೋಡಿ ಅಲ್ಲ, ಕೆಲಸ ನೋಡಿ ಅಲ್ಲ, ಕಿವಿ ನೋಡಿ ಮದುವೆಯಾದವಳು ನಾನು.

ಆದರೆ ಆ ಕಿವಿಗೆ ಈಗ ನನ್ನ ಮಾತು ಬೇಡವಾಗಿದೆ. ಮನೆಯಲ್ಲಿ ನನ್ನ ಮಿಷನ್ನು ಎಷ್ಟು ತಿಂಗಳಿಂದ ಕಟಕಟ ಅನ್ನುತ್ತಿದೆ. ಮೊದಲಾಗಿದ್ದರೆ ಒಳಗಿನಿಂದಲೇ "ಇದು ಸಡಿಲ, ಅದು ಬಿಗಿ" ಅಂತ ಪ್ರಾಣ ತಿನ್ನುತ್ತಿದ್ದರು. ಈಗ ಪಕ್ಕದಲ್ಲೇ ಕೂತು ಪೇಪರ್ ಓದುತ್ತಾರೆ, ಕೇಳಿಸಿಕೊಳ್ಳುವುದಿಲ್ಲ. ನಾನು ಹತ್ತು ಮಾತಾಡಿದರೆ ಒಂದು "ಹ್ಞೂಂ". ಆ ಹ್ಞೂಂ ಕೂಡ ಅಳತೆ ತಪ್ಪಿದ ತೋಳಿನ ಹಾಗೆ, ಎಲ್ಲೋ ಶುರುವಾಗಿ ಎಲ್ಲೋ ಮುಗಿಯುತ್ತದೆ.

ಸಿಟ್ಟಿನಲ್ಲಿ ಬರೆದದ್ದು ಒಂದು ನಿದ್ದೆ ಮಾಡಿಯೇ ಹೊರಡಬೇಕು ಎಂಬ ಅತ್ತೆಯ ನಿಯಮದ ಪ್ರಕಾರ ಈ ಕಾಗದವನ್ನು ಒಂದು ರಾತ್ರಿ ಹಿಟ್ಟಿನ ಡಬ್ಬದ ಕೆಳಗೆ ಮಲಗಿಸಿಯೇ ಕಳಿಸುತ್ತಿದ್ದೇನೆ. ಮಲಗಿ ಎದ್ದರೂ ಅದರ ಸಿಟ್ಟು ಇಳಿದಿಲ್ಲ, ನಾನೇನು ಮಾಡಲಿ?

ನಿನ್ನ ಅತ್ತಿಗೆ


ಫೆಬ್ರವರಿ 12

ಅತ್ತಿಗೆ,

ನಿಮ್ಮ ಕಾಗದ ಓದಿ ಮೊದಲು ನಕ್ಕೆ, ಕ್ಷಮಿಸಿ. ಆಮೇಲೆ ಇನ್ನೊಂದು ಸಲ ಓದಿದೆ, ನಗು ಬರಲಿಲ್ಲ.

ನಮ್ಮ ಮೇಜಿಗೆ ದಿನಾ ಬರುವ ತಕರಾರುಗಳಲ್ಲಿ ಅರ್ಧಕ್ಕರ್ಧ ಕಳ್ಳತನವೇ ಅಲ್ಲ. ಅಂಗಡಿಯ ಬೋರ್ಡಿನಲ್ಲಿ ಒಂದು ಹೆಸರು, ಅದನ್ನು ನಡೆಸುವ ಕಂಪನಿಗೆ ಇನ್ನೊಂದು ಹೆಸರು. ಸ್ಟೇಟ್‌ಮೆಂಟಿನಲ್ಲಿ ಬರುವುದು ಕಂಪನಿಯ ಹೆಸರು. ಕಳೆದ ವಾರ ಒಬ್ಬ ದೊಡ್ಡ ಮನುಷ್ಯರು ಫೋನಿನಲ್ಲಿ ನನ್ನ ಮೇಲೆ ಹಾರಾಡಿದರು. ಯಾವುದೋ "ಎಂಟರ್‌ಪ್ರೈಸಸ್" ತಮ್ಮನ್ನು ದೋಚಿದೆಯಂತೆ. ಹುಡುಕಿದರೆ ಅದು ಅವರೇ ಹೋಗಿ ಕಾಲಿಗೆ ಹಾಕಿಕೊಂಡು ಬಂದ ಚಪ್ಪಲಿ. ಮಾತಾಡುತ್ತಿದ್ದಾಗಲೂ ಅದು ಅವರ ಕಾಲಲ್ಲೇ ಇತ್ತಂತೆ!

ಆದ್ದರಿಂದ ಆತುರ ಬೇಡ. ಆ ಸಾಲಿನ ಪಕ್ಕದಲ್ಲಿ ಕಾರ್ಡಿನ ಕೊನೆಯ ಅಂಕಿಗಳಿರುತ್ತವೆ, ಅದು ನಿಮ್ಮದೋ ಅಣ್ಣನದೋ ನೋಡಿ. ನೀವು ಕಳಿಸಿದ ನಕಲಿನಲ್ಲಿ ಆ ಜಾಗವೇ ಮಸುಕಾಗಿದೆ. ಆಮೇಲೆ ತಾರೀಖು ನೋಡಿ, ಅವತ್ತು ಯಾರು ಎಲ್ಲಿಗೆ ಹೋಗಿದ್ದಿರಿ ನೆನಪಿಸಿಕೊಳ್ಳಿ. ಕೊನೆಗೆ ಅಣ್ಣನನ್ನು ಕೇಳಿ. ಇಬ್ಬರಿಗೂ ಗೊತ್ತಿಲ್ಲ ಅಂತಾದರೆ ಮಾತ್ರ ನಿಮ್ಮ ಬ್ಯಾಂಕಿಗೆ ತಕರಾರು ಫಾರಂ ಕೊಡಿ. ಅಷ್ಟರಲ್ಲಿ ಆ ಹೆಸರಿನ ಹಿಂದೆ ಯಾವ ಅಂಗಡಿ ಇದೆ ಅಂತ ನಾನೂ ಹುಡುಕುತ್ತೇನೆ. ಗಿರಾಕಿಗಳ ಲೆಕ್ಕ ನಾನು ನೋಡುವಂತಿಲ್ಲ, ಆದರೆ ಕಂಪನಿಗಳ ಪಟ್ಟಿ ಯಾರು ಬೇಕಾದರೂ ನೋಡಬಹುದು.

ಅಣ್ಣನ ವಿಷಯ ನನಗೂ ನೋವಿದೆ, ಅತ್ತಿಗೆ. ನಾನು ಈ ಊರಿಗೆ ಬಂದ ಮೇಲೆ ಅವನು ಫೋನಿನಲ್ಲಿ ಎರಡು ಮಾತು ಸರಿಯಾಗಿ ಆಡಿಲ್ಲ. ನಾನು ಏನೋ ಕೇಳಿದರೆ ಇನ್ನೇನೋ ಹೇಳಿ ಇಟ್ಟುಬಿಡುತ್ತಾನೆ. ಅವನ ಮಾತು ಮೀರಿ ಇಷ್ಟು ದೂರ ಕೆಲಸಕ್ಕೆ ಬಂದೆ ಅಂತ ಇನ್ನೂ ಸಿಟ್ಟಿರಬೇಕು. ನೀವು ಒಂದು ಮಾತು ಹೇಳಿ ನೋಡಿ.

ನಿಮ್ಮ ನಾದಿನಿ


ಫೆಬ್ರವರಿ 18

ನಾದಿನಿ,

ನೋಡಿದೆ. ಕಾರ್ಡು ಅವರದೇ. ತಾರೀಖು, ಕಾರ್ಖಾನೆಯಲ್ಲಿ ಹೆಚ್ಚು ಕೆಲಸವಿದೆ ಅಂತ ಅವರು ತಡವಾಗಿ ಬಂದ ಶನಿವಾರ. ಆದರೆ ಅವತ್ತು ಕಾರ್ಖಾನೆಯ ಬಾಗಿಲು ಬೇಗನೇ ಹಾಕಿದ್ದರಂತೆ. ಪಕ್ಕದ ಬೀದಿಯಲ್ಲಿರುವ, ಅದೇ ಕಾರ್ಖಾನೆಯ ಕಟಿಂಗ್ ಮಾಸ್ತರರ ಹೆಂಡತಿ ರವಿಕೆ ಕೊಡಲು ಬಂದಾಗ ಮಾತಿಗೆ ಮಾತು ಬಂದು ಗೊತ್ತಾಯಿತು.

ಕೇಳಿಯೂ ಕೇಳಿದೆ. ಪಾತ್ರೆ ತೊಳೆಯುತ್ತಾ, ಮುಖ ತಿರುಗಿಸದೆ, ಏನೂ ದೊಡ್ಡ ವಿಷಯವಲ್ಲ ಎಂಬ ಹಾಗೆ, ಕಾರ್ಡಿನಲ್ಲಿ ಏನಾದರೂ ದೊಡ್ಡದು ತಗೊಂಡಿದ್ದೀರಾ ಅಂದೆ. "ಹ್ಞೂಂ, ನಾಳೆ ನೋಡೋಣ" ಅಂದರು. ನಾಳೆ ನೋಡುವುದೇನು? ಪಂಚಾಂಗವೇ? ತಿರುಗಿ ನೋಡಿದರೆ ಪೇಪರಿನಲ್ಲಿ ಮುಖ.

ಇನ್ನೂ ಕೇಳು. ಹೊಸದೊಂದು ಟೋಪಿ ಬಂದಿದೆ. ಕಿವಿ ಮುಚ್ಚುವ ಉಣ್ಣೆಯ ಟೋಪಿ, ಸೆಕೆಯಲ್ಲಿ! ಸಂಜೆ ಬರುವಾಗ ಬಾಗಿಲ ಹೊರಗೆ ನಿಲ್ಲುತ್ತಾರೆ, ಟೋಪಿ ತೆಗೆಯುತ್ತಾರೆ, ಏನನ್ನೋ ಜೇಬಿಗೆ ಹಾಕಿಕೊಳ್ಳುತ್ತಾರೆ, ಮುಖ ಒರೆಸಿಕೊಂಡು ಒಳಗೆ ಬರುತ್ತಾರೆ. ಕಿಟಕಿಯಿಂದ ನೋಡಿದ್ದೇನೆ. ಅಂಗಿ ಜೇಬು ತಡಕಿದೆ, ಏನೂ ಸಿಗಲಿಲ್ಲ. ನನ್ನ ಕೈಗೆ ಸಿಗದ ಜಾಗ ಈ ಮನೆಯಲ್ಲಿ ಇದೆ ಅಂತ ಈಗ ಗೊತ್ತಾಯಿತು.

ಮೊನ್ನೆ ಒಂದು ದಿನ ಮಾತ್ರ ಏನಾಯಿತೋ, ಟೋಪಿಯನ್ನೂ ತೆಗೆಯದೆ ಸೀದಾ ಒಳಗೆ ಬಂದವರು, ನಾನು ಹೊಲಿಯುತ್ತಿದ್ದರೆ "ಬಾಬಿನ್ ಕೇಸ್ ಸಡಿಲ ಆಗಿದೆ ನೋಡೇ" ಅಂದರು. ಎಷ್ಟು ದಿನವಾಗಿತ್ತು ಆ ಮಾತು ಕೇಳಿ! ನಿಜ ಹೇಳುತ್ತೇನೆ, ನನಗೆ ಕಣ್ಣು ತುಂಬಿತು. ಅವತ್ತು ಇಬ್ಬರೂ ಕೂತು ಬೇಕಾದ್ದು ಬೇಡವಾದ್ದು ಮಾತಾಡಿದೆವು, ನಿನ್ನ ವಿಷಯವೂ ಬಂತು, ನಿನ್ನ ಮೇಲೆ ಯಾವ ಸಿಟ್ಟೂ ಇಲ್ಲವಂತೆ. ಆಮೇಲೆ ಮುಖ ತೊಳೆಯಲು ಹೋಗಿ ಬಂದರು ನೋಡು, ಮತ್ತೆ ಅದೇ ಕಲ್ಲುಗುಂಡು. ಕೆಳದಾರದ ಆ ಡಬ್ಬಿಯ ಸ್ಕ್ರೂ ನಾನೇ ಬಿಗಿ ಮಾಡಿಕೊಂಡೆ. ಆಮೇಲೆ ಯೋಚಿಸಿದೆ. ತಪ್ಪು ಮಾಡಿದ ಗಂಡಸೇ ಒಮ್ಮೊಮ್ಮೆ ಹೀಗೆ ಬೆಣ್ಣೆ ಹಚ್ಚುವುದು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ, ಹಾಗೆ.

ನಿನಗೆ ಒಂದು ವಿಷಯ ಹೇಳಿರಲಿಲ್ಲ. ನನ್ನಕ್ಕ ಇರುವ ಊರಿನ ವಸತಿಶಾಲೆಯಲ್ಲಿ ಮಕ್ಕಳ ಯೂನಿಫಾರಂ ಹೊಲಿಯಲು ಕರೆದಿದ್ದಾರೆ. ಅಲ್ಲೇ ಉಳಿಯಬೇಕು, ಕೋಣೆ ಕೊಡುತ್ತಾರೆ. ಏಪ್ರಿಲ್ ಮೊದಲ ವಾರದೊಳಗೆ ಹೂಂ ಅಥವಾ ಉಹೂಂ ಹೇಳಬೇಕು. ಈ ಮನೆಯಲ್ಲಿ ನನ್ನ ಮಾತು ಕೇಳುವವರು ಯಾರೂ ಇಲ್ಲ ಅಂತಾದರೆ ನಾನು ಹೋಗುತ್ತೇನೆ. ಸಿಟ್ಟಿನ ಮಾತಲ್ಲ, ಇದೂ ಡಬ್ಬದ ಕೆಳಗೆ ಮಲಗಿ ಎದ್ದಿದೆ.

ಆ ರಿಟೇಲಮ್ಮ ಯಾರು ಅಂತ ಪತ್ತೆಯಾಯಿತೇ? ಬೇಗ ಬರಿ.

ಅತ್ತಿಗೆ


ಮಾರ್ಚ್ 3

ಅತ್ತಿಗೆ,

ತಡವಾಯಿತು, ಬೈಯಬೇಡಿ.

ಆ ಹೆಸರಿನ ಹಿಂದೆ ಯಾವ ಹೆಂಗಸೂ ಇಲ್ಲ. ಅದು ಒಂದು ಕಂಪನಿ, ಒಳ್ಳೆಯ ಕಂಪನಿ, ಮರ್ಯಾದಸ್ಥರ ಅಂಗಡಿ. ನನಗೆ ಹೇಳಲು ಸಾಧ್ಯವಿರುವುದು ಇಷ್ಟೇ. ಉಳಿದದ್ದನ್ನು ಅಣ್ಣನೇ ಹೇಳಬೇಕು, ಹೇಳುತ್ತಾನೆ. ಸ್ವಲ್ಪ ದಿನ ಕೊಡಿ.

ನೀವು ಕೇಳಿದ ರೀತಿ ಸರಿಯಿಲ್ಲ. ಪಾತ್ರೆ ತೊಳೆಯುತ್ತಾ ಕೇಳಬೇಡಿ. ನಲ್ಲಿ ನಿಲ್ಲಿಸಿ, ಬೆಳಕಿರುವ ಕಡೆ ಎದುರಿಗೆ ಕೂತು, ಮುಖ ನೋಡಿ, ನಿಧಾನವಾಗಿ ಕೇಳಿ. ದಯವಿಟ್ಟು ಹಾಗೇ ಮಾಡಿ. ಮತ್ತೆ ತಕರಾರು ಫಾರಂ ಮಾತ್ರ ಕೊಡಬೇಡಿ. ಅಮ್ಮ ಹೇಳುತ್ತಿದ್ದದ್ದು ನೆನಪಿದೆಯಲ್ಲ, ಕೋಪದಲ್ಲಿ ಕೊಯ್ದ ಮೂಗು ಶಾಂತವಾದ ಮೇಲೆ ಬಂದೀತೇ ಅಂತ.

ಹೆಚ್ಚು ಬರೆಯುವ ಸ್ಥಿತಿಯಲ್ಲಿ ನಾನಿಲ್ಲ. ವಸತಿಶಾಲೆಗೆ ಈಗಲೇ ಏನೂ ಹೇಳಬೇಡಿ.

ನಾದಿನಿ


ಮಾರ್ಚ್ 8

ನಾದಿನಿಗೆ,

ನಿನ್ನ ಕಾಗದ ಬಂತು. ಎಲ್ಲ ಗೊತ್ತಾಗಿದೆ, ಹೇಳುತ್ತಿಲ್ಲ. ಸರಿ. ಕರುಳು ಅಣ್ಣನ ಕಡೆಗೇ ಎಳೆಯುತ್ತದೆ, ಅದು ನಿನ್ನ ತಪ್ಪಲ್ಲ. ನಾನು ಎಷ್ಟಾದರೂ ಹೊರಗಿನಿಂದ ಬಂದವಳು. ಈ ಮನೆಗೆ ಬಂದಾಗ ನಿನಗೆ ಜಡೆ ಹಾಕಿದ್ದು, ನಿನ್ನ ಕಾಲೇಜಿನ ಬಟ್ಟೆ ಹೊಲಿದದ್ದು ಎಲ್ಲ ಹೊರಗಿನವಳೇ.

ಎದುರಿಗೆ ಕೂತು ನಿಧಾನವಾಗಿ ಕೇಳಬೇಕಂತೆ! ಗಂಡನನ್ನು ಒಂದು ಮಾತು ಕೇಳಲು ನಾನು ಫೋಟೋ ಸ್ಟುಡಿಯೋದಲ್ಲಿ ಕೂತ ಹಾಗೆ ಕೂರಬೇಕೇ?

ಫಾರಂ ಕೊಟ್ಟಾಯಿತು. ನಿನ್ನ ಕಾಗದ ಬರುವ ಮೊದಲೇ ಕೊಟ್ಟೆ. ಫಾರಮ್ಮಿನಲ್ಲಿ ಒಂದು ಪ್ರಶ್ನೆಯಿತ್ತು, ಇನ್ನೊಂದು ಕಾರ್ಡು ಇರುವವರನ್ನು ಕೇಳಿದ್ದೀರಾ ಅಂತ. ಹೌದು ಎಂಬಲ್ಲಿ ಗುರುತು ಹಾಕಿದೆ. ಕೇಳಿದ್ದು ನಿಜ ತಾನೇ. ಅವರು ಖರೀದಿ ಮಾಡಿಲ್ಲವಾದರೆ ಕಳ್ಳ ಸಿಗಲಿ. ಮಾಡಿದ್ದರೆ ನನ್ನೆದುರು ಬಂದು ಬಾಯಿ ಬಿಡಲಿ. ಎರಡರಲ್ಲಿ ಒಂದಾದರೂ ಆಗಲೇಬೇಕು.

ಫಾರಮ್ಮನ್ನು ಹಿಟ್ಟಿನ ಡಬ್ಬದ ಕೆಳಗೆ ಇಡಲಿಲ್ಲ. ಅತ್ತೆ ನಿಯಮ ಮಾಡಿದ್ದು ಕಾಗದಕ್ಕೆ, ಫಾರಮ್ಮಿಗಲ್ಲ.

ಅತ್ತಿಗೆ


ಮಾರ್ಚ್ 29

ನಾದಿನಿ,

ನೀನು ಬರೆಯಲಿಲ್ಲ. ನಾನೇ ಸೋತು ಬರೆಯುತ್ತಿದ್ದೇನೆ.

ತಕರಾರು ನನ್ನ ಕಡೆಗೇ ಆಯಿತು. ಅಂಗಡಿಯವರು ಎದುರು ಹೇಳಲಿಲ್ಲವಂತೆ, ಹಣ ಕಾರ್ಡಿಗೆ ವಾಪಸು ಬಂದಿದೆ. ಹಳೆಯ ಕಾರ್ಡುಗಳನ್ನು ನಿಲ್ಲಿಸಿ ಹೊಸವನ್ನು ಕಳಿಸಿದ್ದಾರೆ. ಗೆದ್ದೆ ಅಂತ ಒಂದು ಕ್ಷಣ ಅನ್ನಿಸಿತು. ಹೊಸ ಕಾರ್ಡನ್ನು ಅವರ ಮುಂದೆ ಇಟ್ಟು, ಯಾರೋ ಕಳ್ಳತನದಲ್ಲಿ ನಮ್ಮ ಕಾರ್ಡು ಬಳಸಿದ್ದರು, ನಾನು ಹಿಡಿದೆ ಅಂದೆ. ಬ್ಯಾಂಕಿನ ಕಾಗದವನ್ನೂ ಕೊಟ್ಟೆ. ಓದಿದರು. ಬಹಳ ಹೊತ್ತು ಓದಿದರು. ಮಡಚಿ ನನಗೇ ಕೊಟ್ಟು ಹೊರಗೆ ಹೋಗಿ ಮೆಟ್ಟಿಲ ಮೇಲೆ ಕೂತರು. ಬಾಯಿ ಬಿಡಲಿಲ್ಲ.

ಅವತ್ತಿನಿಂದ ಟೋಪಿ ಇಲ್ಲ. ಬಾಗಿಲ ಹೊರಗೆ ನಿಲ್ಲುವುದಿಲ್ಲ. ಜೇಬಿಗೆ ಏನೂ ಹೋಗುವುದಿಲ್ಲ. ಇದ್ದದ್ದು ಏನೇ ಇರಲಿ, ಮುಗಿದಿದೆ. ಹಾಗಾದರೆ ನನಗೆ ಖುಷಿಯಾಗಬೇಕು ತಾನೇ? ಇಂಗು ತಿಂದ ಮಂಗನ ಹಾಗೆ ಕೂತಿದ್ದೇನೆ. ಊಟಕ್ಕೆ ಕರೆದರೆ ಬರುವುದಿಲ್ಲ, ಹೋಗಿ ಭುಜ ಮುಟ್ಟಿದರೆ ಬೆಚ್ಚಿ ಬೀಳುತ್ತಾರೆ. ಕಾರ್ಖಾನೆಯಲ್ಲಿ ಅವರನ್ನು ಮಿಷನ್ ವಿಭಾಗದಿಂದ ತೆಗೆದು ಸ್ಟೋರಿನಲ್ಲಿ ದಾರದ ಉಂಡೆ ಎಣಿಸಲು ಹಾಕಿದ್ದಾರಂತೆ. ಅದೂ ಕಟಿಂಗ್ ಮಾಸ್ತರರ ಹೆಂಡತಿಯ ಬಾಯಿಂದಲೇ ನನಗೆ ಗೊತ್ತಾಗಬೇಕಾಯಿತು. ಮೂವತ್ತು ವರ್ಷ ಮಿಷನ್ನಿನ ನಾಡಿ ಹಿಡಿದ ಮನುಷ್ಯನನ್ನು ಸ್ಟೋರಿಗೆ ಯಾಕೆ ಹಾಕುತ್ತಾರೆ? ನನಗೆ ಒಂದೂ ತಿಳಿಯುತ್ತಿಲ್ಲ.

ವಸತಿಶಾಲೆಗೆ ಬರುತ್ತೇನೆ ಅಂತ ಬರೆದಿದ್ದೇನೆ. ಅದು ಈಗ ಹಿಟ್ಟಿನ ಡಬ್ಬದ ಕೆಳಗಿದೆ. ಒಂದು ರಾತ್ರಿಯಲ್ಲ, ವಾರದಿಂದ ಅಲ್ಲೇ ಮಲಗಿದೆ. ಎಬ್ಬಿಸಲು ಕೈ ಬರುತ್ತಿಲ್ಲ, ಹರಿಯಲೂ ಕೈ ಬರುತ್ತಿಲ್ಲ. ನಿನಗೆ ಗೊತ್ತಿರುವುದನ್ನು ಹೇಳು. ಎಷ್ಟು ಕೆಟ್ಟದ್ದಾದರೂ ಹೇಳು. ಹೊರಗಿನವಳು ಅಂತ ಬರೆದದ್ದಕ್ಕೆ ನನ್ನ ಬಾಯಿಗೆ ನಾನೇ ಹೊಡೆದುಕೊಂಡಿದ್ದೇನೆ.

ಅತ್ತಿಗೆ


ಏಪ್ರಿಲ್ 2

ಅತ್ತಿಗೆ,

ಅಣ್ಣನಿಗೆ ಕೊಟ್ಟ ಮಾತನ್ನು ಮುರಿಯುತ್ತಿದ್ದೇನೆ. ಮೊದಲೇ ಮುರಿಯಬೇಕಿತ್ತು. ನಿಮ್ಮ ಮೇಲೆ ಮುನಿಸಿಕೊಂಡು ಸುಮ್ಮನೆ ಕೂತದ್ದು ನನ್ನ ಮೂರ್ಖತನ.

ಅಣ್ಣನಿಗೆ ಕಿವಿ ಕೇಳುವುದಿಲ್ಲ.

ಅಷ್ಟು ವರ್ಷ ಮಿಷನ್ನುಗಳ ಸದ್ದಿನ ನಡುವೆ ನಿಂತು ನಿಂತು ಎರಡೂ ಕಿವಿ ಸವೆದಿವೆ. ಎದುರಿಗಿದ್ದು ತುಟಿ ನೋಡಿದರೆ ಮಾತು ಹಿಡಿಯುತ್ತಾನೆ. ಬೆನ್ನ ಹಿಂದಿನದು, ಅಡುಗೆಮನೆಯದು, ಫೋನಿನದು ಒಂದೂ ಇಲ್ಲ. ನನ್ನ ಮೇಲಿನ ಸಿಟ್ಟು ಅಂತ ನಾನು ಅಂದುಕೊಂಡದ್ದೂ ಅದೇ, ನಿಮ್ಮ ಮಾತು ಬೇಡವಾಗಿದೆ ಅಂತ ನೀವು ಅಂದುಕೊಂಡದ್ದೂ ಅದೇ. ಗೋಡೆಗಳು ಬಿಸ್ಕತ್ತಿನ ಹಾಗಿವೆ ಅಂತ ನೀವು ಪಿಸುಗುಟ್ಟುತ್ತಿದ್ದಿರಿ. ಕೂಗಿ ಹೇಳಿದ್ದರೂ ಅವನಿಗೆ ಕೇಳುತ್ತಿರಲಿಲ್ಲ, ಅತ್ತಿಗೆ.

ನಿಮ್ಮ ರಿಟೇಲಮ್ಮ ಕನ್ನಡಕ ಮತ್ತು ಕಿವಿ ಮಿಷನ್ ಮಾರುವ ಕಂಪನಿ. ನಾನು ಅದನ್ನು ಪತ್ತೆ ಮಾಡಿದ ದಿನವೇ ಅಣ್ಣನಿಗೆ ಕಾಗದ ಬರೆದೆ. ಕಾರ್ಖಾನೆಯ ವಿಳಾಸಕ್ಕೆ ಕಳಿಸಿದೆ. ಅವನ ಉತ್ತರಕ್ಕೆ ಕಾದದ್ದರಿಂದಲೇ ನಿಮಗೆ ಬರೆಯುವುದು ತಡವಾಯಿತು. ಕಿವಿಗೆ ಹಾಕಿಕೊಂಡು ಕಾರ್ಖಾನೆಯಲ್ಲಿ ಕೆಲಸ ಮಾಡುತ್ತಿದ್ದನಂತೆ, ಯಾರಿಗೂ ಕಾಣದಿರಲಿ ಅಂತ ಮೇಲೆ ಟೋಪಿ. ಮನೆ ಬಾಗಿಲಲ್ಲಿ ತೆಗೆದು ಜೇಬಿಗೆ, ಆಮೇಲೆ ತನ್ನ ಸಾಮಾನಿನ ಪೆಟ್ಟಿಗೆಗೆ. ನಿಮ್ಮ ಬಾಬಿನ್ ಕೇಸಿನ ಸದ್ದು ಕೇಳಿದ ದಿನ ತೆಗೆಯಲು ಮರೆತಿದ್ದನಂತೆ. ಅವತ್ತು ಅವನು ನಿಮಗೆ ಬೆಣ್ಣೆ ಹಚ್ಚಿದ್ದಲ್ಲ.

ಯಾಕೆ ಮುಚ್ಚಿಟ್ಟ ಅಂತ ಕೇಳಿದ್ದಕ್ಕೆ ಅವನು ಬರೆದದ್ದನ್ನು ಹಾಗೇ ಇಳಿಸುತ್ತೇನೆ: "ಅವಳು ಕಂಡವರಿಗೆಲ್ಲ ಹೇಳ್ತಾಳೆ, ಕಿವಿ ನೋಡಿ ಮದುವೆ ಆದೆ ಅಂತ. ಅವಳಪ್ಪನಿಗೆ ಕಿವಿ ಕೇಳ್ತಿರಲಿಲ್ಲ, ಕೂಗಿ ಕೂಗಿ ಸಾಕಾಗಿದೆ, ಇನ್ನು ಈ ಜನ್ಮದಲ್ಲಿ ಕೂಗಿ ಮಾತಾಡಲ್ಲ ಅಂತ ಮದುವೆ ಹೊಸದರಲ್ಲೇ ಹೇಳಿದ್ಲು. ಈಗ ನಾನೂ ಹಾಗೇ ಆದೆ ಅಂತ ಯಾವ ಬಾಯಲ್ಲಿ ಹೇಳಲಿ? ಸ್ವಲ್ಪ ಅಭ್ಯಾಸ ಆಗಲಿ, ನಾನೇ ಹೇಳ್ತೀನಿ. ನೀನು ಹೇಳಬೇಡ."

ನೀವು ತಕರಾರು ಗೆದ್ದ ಮೇಲೆ ಅಂಗಡಿಯವರು ಅವನನ್ನು ಕರೆದು ಹಣ ಹಿಂದಕ್ಕೆ ಹೋಗಿದೆ ಅಂದರಂತೆ, ಇದೂ ಅವನು ಆಮೇಲೆ ಬರೆದದ್ದೇ. ಅವನು ತಂಟೆ ಮಾಡಲಿಲ್ಲ, ನಿನ್ನ ಹೆಸರೂ ಎತ್ತಲಿಲ್ಲ. ಕಿವಿ ಮಿಷನ್ನನ್ನು ಅದರ ಪೆಟ್ಟಿಗೆಯಲ್ಲಿಟ್ಟು ವಾಪಸು ಕೊಟ್ಟು ಬಂದ. ಮಾರನೆಯ ವಾರ ಒಂದು ಮಿಷನ್ನಿನ ಸದ್ದು ತಪ್ಪಿದ್ದು ಅವನಿಗೆ ಗೊತ್ತಾಗಲಿಲ್ಲ, ಸೂಜಿ ಮುರಿದು ಹೊಲಿಯುವವಳ ಬೆರಳಿಗೆ ತಗುಲಿತು. ಅದಕ್ಕೇ ಸ್ಟೋರು.

ನೋಡಿ, ಅವಸರದಲ್ಲಿ "ನಿನ್ನ ಹೆಸರು" ಅಂತ ಏಕವಚನದಲ್ಲಿ ಬರೆದುಬಿಟ್ಟಿದ್ದೇನೆ. ಹೊಡೆದು ಹಾಕುವುದಿಲ್ಲ. ಅಳುತ್ತಾ ಬರೆದದ್ದಕ್ಕೆ ಸಾಕ್ಷಿಯಾಗಿ ಇರಲಿ.

ತಕರಾರನ್ನು ಹಿಂದೆಗೆದುಕೊಳ್ಳಬಹುದು. ಬ್ಯಾಂಕಿಗೆ ಹೋಗಿ, ಖರೀದಿ ನಮ್ಮ ಮನೆಯವರೇ ಮಾಡಿದ್ದು, ಈಗ ಗುರುತು ಸಿಕ್ಕಿತು ಅಂತ ಬರೆದುಕೊಡಿ. ದಿನಾ ಎಷ್ಟೋ ಜನ ಹಾಗೆ ಬರೆದುಕೊಡುತ್ತಾರೆ, ನಾಚಿಕೆಯೇನಿಲ್ಲ. ಡಬ್ಬದ ಕೆಳಗಿನ ಕಾಗದ ಏನು ಮಾಡುತ್ತೀರೋ ನಿಮಗೆ ಬಿಟ್ಟದ್ದು.

ನಿಮ್ಮ ನಾದಿನಿ


ಏಪ್ರಿಲ್ 5

ನಾದಿನಿ,

ಇದನ್ನು ಡಬ್ಬದ ಕೆಳಗೆ ಇಡುವುದಿಲ್ಲ, ಈಗಲೇ ಅಂಚೆಗೆ ಹಾಕುತ್ತೇನೆ. ಚಪ್ಪಲಿ ಮೆಟ್ಟಿಕೊಂಡೇ ಬರೆಯುತ್ತಿದ್ದೇನೆ, ಬ್ಯಾಂಕು ತೆರೆಯುವ ಹೊತ್ತಾಯಿತು. ನಿನ್ನ ಮೇಲೆ ಸಿಟ್ಟಿಲ್ಲ. ಅವರ ಮೇಲೆ ಇದೆ. ನನ್ನ ಮೇಲೆ ಅದಕ್ಕಿಂತ ಹೆಚ್ಚಿದೆ. ಏಕವಚನವೇ ಇರಲಿ, ಇನ್ನು ಮುಂದೆ ಹಾಗೇ ಕರಿ.

ಅತ್ತಿಗೆ


ಏಪ್ರಿಲ್ 24

ನನ್ನ ಚಿನ್ನದಂಥ ನಾದಿನಿ,

ಬ್ಯಾಂಕಿನ ಹುಡುಗಿ ನನ್ನ ಕಾಗದವನ್ನು ಎರಡು ಸಲ ಓದಿದಳು. ಇಷ್ಟು ದಿನ ಹಣ ವಾಪಸು ಬೇಕು ಅಂತ ಕೂತವರು ಈಗ ವಾಪಸು ತಗೊಳ್ಳಿ ಅಂತ ಬಂದಿದ್ದೀರಲ್ಲ ಅಂದಳು. ನನ್ನದೇ ಗಂಡ, ಗುರುತು ಸಿಕ್ಕಿರಲಿಲ್ಲ ಅಂದೆ. ಪಾಪ, ಅವಳಿಗೆ ಏನೂ ಅರ್ಥವಾಗಲಿಲ್ಲ, ಸಹಿ ಹಾಕಿಸಿಕೊಂಡಳು.

ಅಲ್ಲಿಂದ ಸೀದಾ ಅಂಗಡಿಗೆ. ರಿಟೇಲಮ್ಮನನ್ನು ಕೊನೆಗೂ ಕಣ್ಣಾರೆ ಕಂಡೆ! ಗಲ್ಲಾಪೆಟ್ಟಿಗೆಯ ಮೇಲಿನ ಗೋಡೆಯಲ್ಲಿ ಇದ್ದಾಳೆ, ಚೌಕಟ್ಟಿನೊಳಗೆ. ಮಾಲೀಕನ ಅಜ್ಜಿಯಂತೆ, ಕಂಪನಿಗೆ ಅವಳ ಹೆಸರನ್ನೇ ಇಟ್ಟದ್ದಂತೆ. ಬೊಚ್ಚು ಬಾಯಿ, ಬಾಟಲಿ ತಳದಂಥ ಕನ್ನಡಕ. ಇವಳ ಮೇಲೆ ನಾನು ಎರಡು ತಿಂಗಳು ಹೊಟ್ಟೆ ಉರಿಸಿಕೊಂಡೆನಲ್ಲ ಅಂತ ಅಲ್ಲೇ ನಿಂತು ನಕ್ಕೆ. ನಗುತ್ತಾ ಅಳುವೂ ಬಂತು. ಅಂಗಡಿಯವರು ಕುರ್ಚಿ ಕೊಟ್ಟರು. ನಿಮ್ಮಣ್ಣ ವಾಪಸು ಕೊಟ್ಟ ಪೆಟ್ಟಿಗೆಯನ್ನು ಇನ್ನೂ ಯಾರಿಗೂ ಮಾರಿರಲಿಲ್ಲ. ಅವರ ಕಿವಿಯ ಅಳತೆಗೆ ಮಾಡಿದ್ದಂತೆ, ಬೇರೆಯವರಿಗೆ ಕೂರುವುದಿಲ್ಲವಂತೆ. ನನಗೆ ಅದು ಚೆನ್ನಾಗಿ ಅರ್ಥವಾಯಿತು, ಒಬ್ಬರ ಅಳತೆಗೆ ಹೊಲಿದದ್ದನ್ನು ಇನ್ನೊಬ್ಬರಿಗೆ ತೊಡಿಸಲು ಆಗುತ್ತದೆಯೇ?

ಸಂಜೆ ನೀನು ಹೇಳಿದ ಹಾಗೇ ಮಾಡಿದೆ. ನಲ್ಲಿ ನಿಲ್ಲಿಸಿದೆ. ಕಿಟಕಿಯ ಹತ್ತಿರ ಎರಡು ಕುರ್ಚಿ ಎದುರುಬದುರು ಹಾಕಿದೆ, ಫೋಟೋ ಸ್ಟುಡಿಯೋದ ಹಾಗೇ. ಅವರನ್ನು ಕೈಹಿಡಿದು ಕೂರಿಸಿ, ಪೆಟ್ಟಿಗೆಯನ್ನು ಮಡಿಲಲ್ಲಿ ಇಟ್ಟೆ. ಪೆಟ್ಟಿಗೆ ನೋಡಿದರು, ನನ್ನ ಮುಖ ನೋಡಿದರು, ಎದ್ದು ಹೋಗಲು ನೋಡಿದರು. ಮೊಣಕಾಲು ಹಿಡಿದು ಕೂರಿಸಿದೆ.

ಪೆಟ್ಟಿಗೆಯ ಮುಚ್ಚಳ ತೆರೆದು, ಮತ್ತೆ ಮುಚ್ಚಿ, ಬಾಯಿ ಬಿಟ್ಟರು. "ಕಿವುಡನ ಜೊತೆ ಬಾಳೋಕೆ ನಿನ್ನಿಂದ ಆಗಲ್ಲ ಅಂದಿದ್ದೆಯಲ್ಲ."

"ಕೂಗಿ ಕೂಗಿ ಸಾಕಾಗಿತ್ತು, ಹೌದು" ಅಂದೆ. ತುಟಿ ಕಾಣುವ ಹಾಗೆ, ನಿಧಾನವಾಗಿ. "ಆದರೆ ನಾನು ಅಪ್ಪನನ್ನು ಬಿಟ್ಟು ಹೋಗಿದ್ನಾ?"

ನಮ್ಮಪ್ಪ ಕಣ್ಣು ಮುಚ್ಚುವವರೆಗೆ ನಾನೇ ಪಕ್ಕದಲ್ಲಿದ್ದದ್ದು ಅವರಿಗೆ ಗೊತ್ತು, ಆ ಕೋಣೆಯ ಬಾಗಿಲಲ್ಲಿ ನಿಂತಿದ್ದವರು ಅವರೇ. ಕಿವಿ ಹೋದದ್ದಕ್ಕೆ ನನಗೆ ಸಿಟ್ಟಿಲ್ಲ, ನನಗೆ ಹೇಳದೆ ಒಬ್ಬರೇ ಅನುಭವಿಸಿದ್ದಕ್ಕೆ ಸಿಟ್ಟು ಅಂತ ಹೇಳಿದೆ. ಕಿವಿ ನೋಡಿ ಮದುವೆಯಾದೆ ಅನ್ನುವ ತಮಾಷೆ ಇವತ್ತಿಗೆ ಮುಗಿಯಿತು ಅಂತಲೂ ಹೇಳಿದೆ. ನಾನೂ ಒಂದು ಒಪ್ಪಿಸಿದೆ, ಹಿಟ್ಟಿನ ಡಬ್ಬ ಎತ್ತಿ ವಸತಿಶಾಲೆಯ ಕಾಗದವನ್ನು ಕೈಗೆ ಕೊಟ್ಟೆ. ಓದಿದರು. ಅದನ್ನು ಅವರ ಕೈಯಿಂದ ಕಿತ್ತುಕೊಂಡು, ಅದರಲ್ಲೇ ಒಂದು ಕಾಲರಿನ ನಮೂನೆ ಕತ್ತರಿಸಿದೆ. ಒಳ್ಳೆಯ ದಪ್ಪ ಕಾಗದ, ಸುಮ್ಮನೆ ಯಾಕೆ ಬಿಸಾಡಬೇಕು?

ಕಿವಿ ಮಿಷನ್ನನ್ನು ಈಗ ಮನೆಯಲ್ಲೂ ಹಾಕಿಕೊಳ್ಳುತ್ತಾರೆ. ಟೋಪಿಯನ್ನು ಮೇಲಿನ ಅಟ್ಟಕ್ಕೆ ಎಸೆದಿದ್ದೇನೆ. ಮೊದಲ ನಾಲ್ಕು ದಿನ ಪಾತ್ರೆ ಸದ್ದು ಜಾಸ್ತಿ, ನಲ್ಲಿ ಸೋರುತ್ತಿದೆ, ನಿನ್ನ ಬಳೆ ಯಾಕೆ ಅಷ್ಟು ಗಲಗಲ ಅನ್ನುತ್ತೆ ಅಂತ ಒಂದೇ ದೂರು. ಬೈದುಕೊಂಡೇ ಕೇಳಿಸಿಕೊಂಡೆ. ಕಾರ್ಖಾನೆಯಲ್ಲಿ ಇನ್ನೂ ಸ್ಟೋರಿನಲ್ಲೇ ಇದ್ದಾರೆ. ಮೇಲ್ವಿಚಾರಕರ ಎದುರು ಹೋಗಿ ಕಿವಿ ತೋರಿಸಿ ಎಲ್ಲ ಹೇಳಿದರಂತೆ. ದಿನಕ್ಕೆ ಸ್ವಲ್ಪ ಹೊತ್ತು ಮಿಷನ್ ವಿಭಾಗಕ್ಕೆ ಬಾ, ಬರುವ ತಿಂಗಳು ನೋಡೋಣ ಅಂದಿದ್ದಾರೆ. ಆ ಬೆರಳಿಗೆ ಪೆಟ್ಟಾದ ಹುಡುಗಿಯನ್ನು ನೋಡಲು ನಾವಿಬ್ಬರೂ ಹೋಗಿದ್ದೆವು, ಗಾಯ ಮಾಗಿದೆ. ಭಾನುವಾರ ನಿನಗೆ ಫೋನ್ ಮಾಡುತ್ತಾರೆ. ಸ್ವಲ್ಪ ನಿಧಾನವಾಗಿ ಮಾತಾಡು, ನಿನ್ನ ಬಾಯಿ ಬೇರೆ ರೈಲು.

ಕೊನೆಗೆ ಒಂದು ಗುಟ್ಟು, ಯಾರಿಗೂ ಹೇಳಬೇಡ. ಗುಟ್ಟು ಬಚ್ಚಿಡುವುದರಲ್ಲಿ ನೀನು ಪಳಗಿದ್ದೀಯಲ್ಲ. ನಿನ್ನೆ ಸಂಜೆ ಬಾಬಿನ್ ಕೇಸಿನ ಸ್ಕ್ರೂವನ್ನು ನಾನೇ ಸಡಿಲ ಮಾಡಿ ಹೊಲಿಯಲು ಕೂತೆ. ಅವರು ಆಗತಾನೇ ಬಂದು ಒಳಕೋಣೆಯಲ್ಲಿ ಅಂಗಿ ಬದಲಿಸುತ್ತಿದ್ದರು. ಬಾಗಿಲು ಅರ್ಧ ಹಾಕಿತ್ತು. ಒಂದು ತೋಳು ಹೊಲಿದು ಮುಗಿಸಿದೆ, ಒಳಗಿನಿಂದ ಸದ್ದಿಲ್ಲ. ಇನ್ನೊಂದು ತೋಳು ಎತ್ತಿಕೊಂಡೆ.

"ಬಾಬಿನ್ ಕೇಸ್ ಸಡಿಲ ಆಗಿದೆ ನೋಡೇ" ಅಂದರು.

ಕೇಳಿಸದವಳ ಹಾಗೆ ಹೊಲಿಯುತ್ತಲೇ ಇದ್ದೆ, ಇನ್ನೊಂದು ಸಲ ಹೇಳಲಿ ಅಂತ. ಹೇಳಿದರು.

ನಿನ್ನ ಅತ್ತಿಗೆ